ಉಗುರಿಗೆ ಬಿಡಬೇಕಾದ ಅಂಚು

ಶಾಲಾ ಮಕ್ಕಳ ಸಮವಸ್ತ್ರ ಹೊಲಿಯುವ ಆ ಉದ್ದನೆಯ ಕೋಣೆಯಲ್ಲಿ ಹದಿನೆಂಟು ಹೊಲಿಗೆ ಯಂತ್ರಗಳಿದ್ದವು, ಬಟ್ಟೆ ಕತ್ತರಿಸುವ ಮೇಜು ಒಂದೇ. ಯಂತ್ರದ ಮುಂದೆ ಹೆಂಗಸು ಕೂರಬೇಕು, ಮೇಜಿನ ಮುಂದೆ ಗಂಡಸು ನಿಲ್ಲಬೇಕು ಎಂದು ಯಾರೂ ಎಲ್ಲೂ ಬರೆದಿಟ್ಟಿರಲಿಲ್ಲ. ಆದರೂ ಹಾಗೇ ನಡೆದುಬಂದಿತ್ತು. ಹಳೆಯ ಕಟಿಂಗ್ ಮಾಸ್ತರರಿಗೆ ಕೈ ನಡುಗತೊಡಗಿದ ವರ್ಷ, ಗುಂಡಿಯ ತೂತಿಗೆ ಕಾಜಾ ಹಾಕುವ ಯಂತ್ರದಿಂದ ಎದ್ದುಬಂದ ಒಬ್ಬಳು ಅವರ ಕೈ ತಪ್ಪಿದ ಕಡೆಯಲ್ಲೆಲ್ಲ ಸದ್ದಿಲ್ಲದೆ ಸರಿಮಾಡುತ್ತ, ಕೊನೆಗೆ ಆ ಮೇಜಿಗೇ ನಿಂತುಬಿಟ್ಟಳು. ಅಂದಿನಿಂದ ಅವಳು ಎಲ್ಲರಿಗೂ ಕತ್ತರಿಯಕ್ಕ.

ಅವಳ ಹೆಸರು ಎದ್ದದ್ದು ದುಂಡು ಕಾಲರಿನಿಂದ. ಪುಟ್ಟ ಮಕ್ಕಳ ಅಂಗಿಗೆ ಬರುವ ಕಾಲರು ಅದು. ಎಂಟು ಪದರ ಬಟ್ಟೆ ಹಾಸಿ ಒಂದೇ ಉಸಿರಿಗೆ ಕತ್ತರಿ ತಿರುಗಿಸಿದಳೆಂದರೆ ಎಂಟೂ ಕಾಲರು ಎರಕ ಹೊಯ್ದಂತೆ ಏಳುತ್ತಿದ್ದವು. ಎಡಭಾಗವನ್ನು ಬಲಭಾಗದ ಮೇಲಿಟ್ಟರೆ ಕೂದಲೆಳೆಯಷ್ಟೂ ಹೆಚ್ಚುಕಮ್ಮಿ ಇರುತ್ತಿರಲಿಲ್ಲ. ಹಾಗೆ ಹನ್ನೊಂದು ವರ್ಷ ತಿರುಗಿದ ಕೈಗೆ ಚೂಪು ಮೂಲೆ ಕಂಡರೆ ತುರಿಕೆ. ಮಗಳ ಪುಸ್ತಕಕ್ಕೆ ಅಂಟಿಸುವ ಚೀಟಿಯನ್ನೂ ಅವಳು ನಾಲ್ಕು ಮೂಲೆ ಮುರಿಯದೆ ಕೊಟ್ಟವಳಲ್ಲ.

ಮನೆಯಲ್ಲಿದ್ದವರು ನಾಲ್ಕು ಜನ: ಅವಳು, ಗಂಡ, ಮಗಳು, ಅತ್ತೆ. ನಾಲ್ಕು ಜನಕ್ಕೆ ಎಂಬತ್ತು ಉಗುರು. ಎಂಬತ್ತೂ ಅವಳ ಪಾಲಿನ ಕೆಲಸ. ಭಾನುವಾರ ಬಟ್ಟೆ ಒಗೆದು ಹರವಿದ ಮೇಲೆ ಹಿತ್ತಿಲ ಮೆಟ್ಟಿಲ ಮೇಲೆ ನೇಲ್ ಕಟರ್ ಹಿಡಿದು ಕೂರುತ್ತಿದ್ದಳು. ಒಬ್ಬೊಬ್ಬರಾಗಿ ಬಂದು ಕಾಲು ಚಾಚುತ್ತಿದ್ದರು. ಗಂಡನಂತೂ ಫೋನಿನಿಂದ ತಲೆ ಎತ್ತದೆ ಒಂದು ಕಾಲು ಮುಗಿದ ಮೇಲೆ ಇನ್ನೊಂದನ್ನು ತಾನಾಗೇ ಮುಂದಿಡುತ್ತಿದ್ದ. ಕಾಲಿಗೆ ಅಭ್ಯಾಸವಾಗಿಹೋಗಿತ್ತು. ಅವನ ಕಸುಬು ನಲ್ಲಿ ರಿಪೇರಿ. ಊರವರ ಸಿಂಕಿನ ಕೆಳಗೆಲ್ಲ ಮಡಚಿಕೊಂಡು ಮಲಗುವ ಮನುಷ್ಯ, ತನ್ನ ಹೆಬ್ಬೆರಳಿನ ತನಕ ಮಾತ್ರ ಬಗ್ಗಲಾರದವನಾಗಿದ್ದ.

ಕತ್ತರಿಯಕ್ಕ ಉಗುರನ್ನೂ ಕಾಲರಿನ ಹಾಗೇ ತೆಗೆಯುತ್ತಿದ್ದಳು. ಬುಡದ ತನಕ, ದುಂಡಗೆ, ಎರಡೂ ಮೂಲೆ ಒಳಕ್ಕೆ ತಿರುಗಿಸಿ. ಮುಗಿದ ಮೇಲೆ ಬೆರಳಿನಿಂದ ಸವರಿ ನೋಡುತ್ತಿದ್ದಳು, ಎಲ್ಲೂ ಕೈಗೆ ಸಿಗಬಾರದು.

ಆ ಮನೆಯಲ್ಲಿ ಹೆಬ್ಬೆರಳಿನ ಕಾಟ ಎಲ್ಲರಿಗೂ ಇತ್ತು. ಉಗುರಿನ ಪಕ್ಕ ಕೆಂಪಾಗುವುದು, ಬೂಟು ತಾಗಿದರೆ ಜೀವ ಹೋಗುವುದು, ನಾಲ್ಕು ದಿನಕ್ಕೆ ಇಳಿದು ಮತ್ತೆ ಏಳುವುದು. ಗಂಡ ಅದನ್ನು ಆಸ್ತಿಯ ಹಾಗೆ ಹೇಳಿಕೊಳ್ಳುತ್ತಿದ್ದ. ನಮ್ಮ ಅಪ್ಪನ ಕಾಲೂ ಹಿಂಗೇ, ನಮ್ಮ ವಂಶದ ಬೆರಳು ಅದು, ಎಂದು. ಮಗಳು ಕುಂಟುತ್ತ ಶಾಲೆಯಿಂದ ಬಂದ ದಿನವೂ, ಬಂತು ನೋಡು, ರಕ್ತ ಎಲ್ಲಿಗೆ ಹೋಗುತ್ತೆ, ಎಂದಿದ್ದ. ಅತ್ತೆಯ ಬೆರಳೂ ಆಗಾಗ ಕೆಂಪಾಗುತ್ತಿತ್ತು, ಅವರು ಆ ವಂಶದಲ್ಲಿ ಹುಟ್ಟಿದವರಲ್ಲವಲ್ಲ ಎಂದು ಯಾರೂ ಕೇಳಿರಲಿಲ್ಲ. ಕತ್ತರಿಯಕ್ಕ ತನ್ನ ಹೆಬ್ಬೆರಳಿನ ಸುದ್ದಿಯನ್ನು ಬಾಯಿಗೇ ತಂದಿರಲಿಲ್ಲ. ದಿನಕ್ಕೆ ಒಂಬತ್ತು ಗಂಟೆ ನಿಲ್ಲುವ ಕಾಲಿಗೆ ನೋವಿಲ್ಲದಿದ್ದರೆ ತಾನೆ ಆಶ್ಚರ್ಯ ಎಂದುಕೊಂಡಿದ್ದಳು.

ಅತ್ತೆಯ ಬೆರಳು ಕೆಟ್ಟಿರುವುದು ಹೊರಬಿದ್ದದ್ದು ಕಾಲುಚೀಲದಿಂದ. ಮನೆಯಲ್ಲಿ ಯಾರಿಗೆ ಏನಾಗಿದೆ ಎನ್ನುವುದು ಮೊದಲು ಗೊತ್ತಾಗುವುದು ಬಟ್ಟೆ ಒಗೆಯುವವಳಿಗೆ. ಚೀಲದ ತುದಿಯಲ್ಲಿ ಹಳದಿ ಕಲೆ ಗಟ್ಟಿಯಾಗಿತ್ತು, ಮೂಗಿಗೆ ಹಿಡಿದರೆ ಕೆಟ್ಟ ವಾಸನೆ. ಕತ್ತರಿಯಕ್ಕ ಒದ್ದೆ ಕೈಯಲ್ಲೇ ಒಳಗೆ ಹೋಗಿ ಅತ್ತೆಯ ಕಾಲು ಎಳೆದು ನೋಡಿದಳು. ಹೆಬ್ಬೆರಳು ಊದಿ ಹೊಳೆಯುತ್ತಿತ್ತು. ಉಗುರಿನ ಒಂದು ಪಕ್ಕ ಮಾಂಸದೊಳಗೆ ಹೂತುಹೋಗಿ ಅಲ್ಲಿಂದ ಕೀವು ಜಿನುಗುತ್ತಿತ್ತು.

"ಇಷ್ಟಾಗೋ ತನಕ ಹೇಳಬಾರದಾ ಅತ್ತೆ?"

"ನೋವೇ ಇಲ್ಲ ಕಣೇ. ನೋವಿದ್ದಿದ್ರೆ ಹೇಳ್ತಿರಲಿಲ್ವಾ."

ಇಪ್ಪತ್ತಾರು ವರ್ಷ ಹಾಸ್ಟೆಲಿನ ಅಡುಗೆಮನೆಯಲ್ಲಿ ಒದ್ದೆ ನೆಲದ ಮೇಲೆ ನಿಂತ ಕಾಲು ಅದು. ಸಕ್ಕರೆ ಕಾಯಿಲೆ ಬಂದೂ ಹತ್ತು ವರ್ಷವಾಗಿತ್ತು. ನೋವಿಲ್ಲ ಎಂದ ಮಾತು ಕೇಳಿ ಕತ್ತರಿಯಕ್ಕನಿಗೆ ಸಮಾಧಾನವೇ ಆಯಿತು.

ಮರುದಿನ ಆಸ್ಪತ್ರೆಯಲ್ಲಿ ಆ ಸಮಾಧಾನ ಹಾರಿಹೋಯಿತು. ಡಾಕ್ಟರು ಎಕ್ಸ್‌ರೇ ತೆಗೆಸಿ ನೋಡಿ, ಸೋಂಕು ಇನ್ನೂ ಮೂಳೆಗೆ ಇಳಿದಂತೆ ಕಾಣುತ್ತಿಲ್ಲ, ಹತ್ತು ದಿನ ಮಾತ್ರೆ ಕೊಡುತ್ತೇನೆ, ದಿನಾ ಗಾಯ ತೊಳೆದು ಪಟ್ಟಿ ಕಟ್ಟಬೇಕು, ಅಷ್ಟರಲ್ಲಿ ಇಳಿಯದಿದ್ದರೆ ಬೆರಳು ತೆಗೆಯುವ ಮಾತು ಆಡಬೇಕಾಗುತ್ತದೆ ಎಂದರು. ನಡುವೆ ಕೆಂಪು ಪಾದಕ್ಕೆ ಹರಡಿದರೆ, ಜ್ವರ ಬಂದರೆ, ಹತ್ತು ದಿನ ಕಾಯದೆ ಓಡಿ ಬರಬೇಕು. ಇಷ್ಟು ಹೇಳಿ ಡ್ರೆಸ್ಸಿಂಗ್ ಕೋಣೆಗೆ ಕಳಿಸಿದರು.

ಅಲ್ಲಿದ್ದ ಸಿಸ್ಟರ್ ಐವತ್ತು ದಾಟಿದ ಗಟ್ಟಿ ಹೆಂಗಸು. ಕೈಗವಸು ಹಾಕಿ, ತೊಡೆಯ ಮೇಲೆ ಟವೆಲು ಹಾಸಿ, ಅತ್ತೆಯ ಪಾದವನ್ನು ಎತ್ತಿ ಅದರ ಮೇಲಿಟ್ಟುಕೊಂಡಳು. ಅತ್ತೆ ನಾಚಿ ಕಾಲು ಹಿಂದಕ್ಕೆಳೆದರು. ಸಿಸ್ಟರ್ ಬಿಡಲಿಲ್ಲ. ಕಣ್ಣು ಮುಚ್ಚಿಕೊಳ್ಳಿ ಅಜ್ಜಿ, ಮುಟ್ಟಿದಾಗೆಲ್ಲ ಹೂಂ ಅನ್ನಿ ಎಂದು, ಪೊರಕೆಕಡ್ಡಿಗಿಂತ ಸಣ್ಣ ನೈಲಾನ್ ಎಳೆಯೊಂದನ್ನು ಅಂಗಾಲಿಗೆ ಒತ್ತಿದಳು. ಹೂಂ. ಪಕ್ಕಕ್ಕೆ ಒತ್ತಿದಳು. ಹೂಂ. ಹೆಬ್ಬೆರಳಿನ ಬುಡಕ್ಕೆ ಒತ್ತಿದಳು, ಎಳೆ ಬಿಲ್ಲಿನಂತೆ ಬಾಗಿತು. ಅತ್ತೆ ಸುಮ್ಮನಿದ್ದರು. ಬೆರಳಿನ ತುದಿಗೆ ಒತ್ತಿದಳು. ಅತ್ತೆ ಸುಮ್ಮನೆ, ಮುಖದಲ್ಲಿ ಒಂದು ತಿಳಿನಗು ಇಟ್ಟುಕೊಂಡು, ಇನ್ನೂ ಮುಟ್ಟುವುದನ್ನೇ ಕಾಯುತ್ತಿದ್ದರು.

ಕತ್ತರಿಯಕ್ಕ ಒಂದು ಹೆಜ್ಜೆ ಮುಂದೆ ಬಂದಳು. ತನ್ನ ಕಣ್ಣೆದುರಿಗೇ ಒಂದು ಬೆರಳು ಅದರ ಒಡತಿಗೆ ತಿಳಿಯದಂತೆ ದೂರ ಹೋಗಿ ಕೂತಿತ್ತು.

"ನೋವಿಲ್ಲ ಅನ್ನೋದೇ ಇಲ್ಲಿ ಭಯ," ಎಂದಳು ಸಿಸ್ಟರ್. "ನೋವು ಕಾವಲುಗಾರ್ತಿ ಇದ್ದ ಹಾಗೆ. ಇವರ ಕಾಲಲ್ಲಿ ಅವಳು ಕೆಲಸ ಬಿಟ್ಟಿದ್ದಾಳೆ. ಇನ್ಮೇಲೆ ದಿನಾ ಕಣ್ಣಲ್ಲಿ ನೋಡಬೇಕು."

ಆಮೇಲೆ ಮಾಡಿದ್ದನ್ನು ಕತ್ತರಿಯಕ್ಕ ಕಣ್ಣು ಕೀಳದೆ ನೋಡಿದಳು. ಹನ್ನೊಂದು ವರ್ಷ ಕತ್ತರಿ ಹಿಡಿದವಳಿಗೆ ಇನ್ನೊಬ್ಬರ ಕೈ ಕಂಡರೆ ಗೊತ್ತಾಗುತ್ತದೆ. ಸಿಸ್ಟರ್ ಗಾಯ ತೊಳೆದು, ಬೆರಳು ಮರಗಟ್ಟಲು ಸೂಜಿ ಚುಚ್ಚಿ ಕಾದಳು. ಚಿಮಟದ ತುದಿಯನ್ನು ಉಗುರಿನ ಅಂಚಿಗೆ ಸೇರಿಸಿ, ಎಳೆಯಲೂ ಇಲ್ಲ ಕೀಳಲೂ ಇಲ್ಲ, ಕಾಯುತ್ತ ಕಾಯುತ್ತ ಎತ್ತಿದಳು. ಹೊರಗೆ ಬಂದದ್ದು ಅಕ್ಕಿಕಾಳಿನ ಅರ್ಧದಷ್ಟು ಉದ್ದದ ಒಂದು ಉಗುರಿನ ಮುಳ್ಳು. ಅದನ್ನು ಬಿಳಿ ಬಟ್ಟೆಯ ಮೇಲಿಟ್ಟು ತೋರಿಸಿದಳು. ಇಷ್ಟು ಚೂರು ವಸ್ತು ಒಂದು ಬೆರಳನ್ನೇ ಕೇಳುತ್ತಿತ್ತೇ ಎಂದು ಕತ್ತರಿಯಕ್ಕ ಬೆರಗಾಗಿ ಬಗ್ಗಿ ನೋಡಿದಳು. ಒಂದು ಪಕ್ಕ ನುಣುಪಾಗಿತ್ತು. ದುಂಡಗೆ, ಒಂದೇ ಉಸಿರಿಗೆ ತಿರುಗಿಸಿದ ಕೊಯ್ತ. ಆ ತಿರುವು ಎಲ್ಲಿಯದೆಂದು ಅವಳಿಗೆ ಗೊತ್ತಿತ್ತು.

"ಮನೇಲಿ ಬೇರೆ ಯಾರಿಗಾದರೂ ಹಿಂಗಾಗುತ್ತಾ?" ಸಿಸ್ಟರ್ ಕೇಳಿದಳು.

ಅತ್ತೆಯೇ ಉತ್ತರ ಕೊಟ್ಟರು. ತಮ್ಮ ಮಗನಿಗಿದೆ, ಮೊಮ್ಮಗಳಿಗಿದೆ, ಅದು ತಮ್ಮ ಯಜಮಾನರ ಕಡೆಯಿಂದ ಬಂದದ್ದು ಎಂದರು. ಸಿಸ್ಟರ್ ಕತ್ತರಿಯಕ್ಕನ ಚಪ್ಪಲಿಯತ್ತ ಕಣ್ಣು ಹಾಯಿಸಿದಳು. ಕತ್ತರಿಯಕ್ಕ ಹೆಬ್ಬೆರಳನ್ನು ಒಳಕ್ಕೆ ಮಡಚಿಕೊಂಡಳು.

"ನಿಮಗೂ ಇದೆ. ನೀವು ಸೊಸೆ ತಾನೆ, ನಿಮಗೆ ಹೇಗೆ ಬಂತು ಇವರ ವಂಶ?" ಸಿಸ್ಟರ್ ನಗುತ್ತಲೇ ಕೇಳಿದಳು. "ಉಗುರು ತೆಗೆಯೋರು ಯಾರು?"

ಕತ್ತರಿಯಕ್ಕ ಬಿಳಿ ಬಟ್ಟೆಯ ಮೇಲಿದ್ದ ಆ ಮುಳ್ಳಿನತ್ತ ಕೈ ತೋರಿಸಿದಳು.

"ನಾನೇ," ಎಂದಳು ಕತ್ತರಿಯಕ್ಕ. "ಎಲ್ಲರದೂ ನಾನೇ."

ಅವಳ ಕಸುಬು ಏನೆಂದು ಸಿಸ್ಟರ್ ವಿಚಾರಿಸಿದಳು. ಹೇಳಿದ ಮೇಲೆ ಬೈಯಲಿಲ್ಲ, ಕೈಗವಸು ಕಳಚಿ ಅವಳ ಪಕ್ಕಕ್ಕೆ ಬಂದು ಕೂತಳು. "ಹಾಗಾದ್ರೆ ನಿಮಗೆ ಹೇಳೋದು ಸುಲಭ. ಬಟ್ಟೆ ಕತ್ತರಿಸುವಾಗ ಹೊಲಿಗೆಗೆ ಅಂತ ಅಂಚು ಬಿಡ್ತೀರಲ್ಲ, ಎಷ್ಟು ಬಿಡ್ತೀರಿ?"

"ಅರ್ಧ ಇಂಚು."

"ಬಿಡದೆ ಗೆರೆ ಮೇಲೇ ಕತ್ತರಿಸಿದ್ರೆ?"

"ಹೊಲಿಗೆ ಬಟ್ಟೇನೇ ತಿನ್ನುತ್ತೆ."

"ಉಗುರಿಗೂ ಅಂಚು ಬೇಕಮ್ಮ. ಬೆರಳಿನ ತುದಿಗೆ ಸಮವಾಗಿ, ಅಡ್ಡಕ್ಕೆ ನೇರ ಕತ್ತರಿಸಿ. ಮೂಲೆ ಹೊರಗೆ ಕಾಣ್ತಿರಬೇಕು. ಮೂಲೆ ಮುರಿದರೆ ಅದು ಬೆಳೆಯೋಕೆ ದಾರಿ ಸಿಗದೆ ಮಾಂಸಕ್ಕೆ ನುಗ್ಗುತ್ತೆ. ಚೂಪು ಅನಿಸಿದ್ರೆ ಅರದಲ್ಲಿ ಒಂದು ಸಲ ಸವರಿ, ಸಾಕು. ಈ ಗಾಯದ ಬೆರಳಿಗೆ ಮಾತ್ರ ನೀವು ಕೈ ಹಾಕಬೇಡಿ, ಅದು ನನ್ನದು."

ಇಷ್ಟಕ್ಕೇ ಮುಗಿಯಲಿಲ್ಲ. ಅಜ್ಜಿ ಹಾಕುವ ಬೂಟು ಯಾವುದು ಎಂದು ಕೇಳಿದಳು. ಮೊಮ್ಮಗಳಿಗೆ ಚಿಕ್ಕದಾದ ಕ್ಯಾನ್ವಾಸ್ ಬೂಟು. ಯಾಕೆ ದಂಡ ಮಾಡುವುದೆಂದು ಅತ್ತೆ ಎರಡು ವರ್ಷದಿಂದ ಅದನ್ನೇ ಹಾಕುತ್ತಿದ್ದರು. ಹೊಸದು ಬಂದರೆ ಮಗನಿಗೆ, ಆಮೇಲೆ ಮೊಮ್ಮಗಳಿಗೆ. ಉಳಿದವರ ಕಾಲಿನಿಂದ ಬಿದ್ದದ್ದು ತಮಗೆ. ಸಿಸ್ಟರ್ ಕಾಗದ ಹಾಸಿ, ಅಜ್ಜಿಯನ್ನು ಅದರ ಮೇಲೆ ನಿಲ್ಲಿಸಿ, ಪೆನ್ಸಿಲನ್ನು ಕತ್ತರಿಯಕ್ಕನ ಕೈಗೆ ಕೊಟ್ಟಳು. ಪ್ಯಾಟರ್ನ್ ತೆಗೆಯುವುದು ಅವಳಿಗೆ ಹೇಳಿಕೊಡಬೇಕೇ? ಪಾದದ ಸುತ್ತ ಗೆರೆ ಎಳೆದು ಅದರ ಮೇಲೆ ಬೂಟು ಇಟ್ಟಳು. ಎರಡೂ ಬದಿ ಹೆಬ್ಬೆಟ್ಟಿನಗಲ ಪಾದ ಬೂಟಿನ ಹೊರಗೆ ಉಳಿಯಿತು. ಇಷ್ಟು ದಿನ ಆ ಪಾದ ಎಲ್ಲಿ ಮಡಚಿಕೊಂಡಿತ್ತು? ಅತ್ತೆ ತಾವೇ ಬಗ್ಗಿ ಆ ಗೆರೆಯನ್ನು ನೋಡಿ, ಇಷ್ಟು ದೊಡ್ಡ ಕಾಲೇ ನನ್ನದು, ಎಂದರು. ಹೆಮ್ಮೆಯೋ ನಾಚಿಕೆಯೋ ತಿಳಿಯಲಿಲ್ಲ.

ಮನೆಗೆ ಬಂದು ಕತ್ತರಿಯಕ್ಕ ಯಾವುದನ್ನೂ ಮುಚ್ಚಿಡಲಿಲ್ಲ. ವಂಶವೂ ಅಲ್ಲ, ರಕ್ತವೂ ಅಲ್ಲ, ನನ್ನ ಕೈ ಎಂದಳು. ಗಂಡನಿಗೆ ವಂಶದ ಬೆರಳು ಕೈತಪ್ಪಿದ್ದು ಒಂದು ಘಳಿಗೆ ನಷ್ಟವೆನಿಸಿತು. ಆಮೇಲೆ, ನಿನ್ನ ಅಜಾಗರೂಕತೆಯಿಂದ ಅಮ್ಮನ ಬೆರಳು ಹೋಗೋ ಹಾಗಾಯ್ತು ಎಂದು ದನಿ ಏರಿಸಿದ. ಅತ್ತೆ ಮಂಚದಿಂದಲೇ ಅವನನ್ನು ತಡೆದರು.

"ತಪ್ಪು ಮಾಡೋಕೂ ಕಾಲು ಹಿಡೀಬೇಕು ಕಣೋ. ನೀನು ಯಾವತ್ತು ಹಿಡಿದಿದ್ದೆ?"

ಶಾಲೆ ತೆರೆಯಲು ಎರಡು ವಾರವಿತ್ತು, ಹೊಲಿಗೆ ಕೋಣೆಯಲ್ಲಿ ಸಮವಸ್ತ್ರದ ರಾಶಿ. ಕತ್ತರಿಯಕ್ಕ ಮೇಜು ಬಿಡುವಂತಿರಲಿಲ್ಲ. ಗಂಡನ ಕೆಲಸವೋ, ಕರೆ ಬಂದಾಗ ಹೋಗುವಂಥದ್ದು. ಹಾಗಾಗಿ ಪಟ್ಟಿ ಬದಲಿಸುವುದು ಅವನ ಪಾಲಿಗೆ ಬಂತು. ಮೊದಲ ದಿನ ಮುಖ ಅತ್ತ ತಿರುಗಿಸಿಕೊಂಡು ಕಟ್ಟಿದ, ಪಟ್ಟಿ ಜಾರಿತು. ಎರಡನೆಯ ದಿನ ಪೈಪಿಗೆ ಟೇಪು ಸುತ್ತುವ ಬಿಗಿಯಲ್ಲಿ ಸುತ್ತಿದ. ಸೋರುವ ನಲ್ಲಿ ಅಲ್ಲ ಕಣೋ ಅದು, ಎಂದು ಅಮ್ಮನಿಂದ ಬೈಸಿಕೊಂಡು ಬಿಚ್ಚಿ ಮತ್ತೆ ಸಡಿಲವಾಗಿ ಕಟ್ಟಿದ. ನಾಲ್ಕನೆಯ ದಿನ ಕತ್ತರಿಯಕ್ಕ ಬಂದಾಗ ಅವನು ಅಮ್ಮನ ಬೆರಳುಗಳ ಸಂದನ್ನು ಒಂದೊಂದಾಗಿ ಒಣಬಟ್ಟೆಯಿಂದ ಒತ್ತುತ್ತಿದ್ದ. ಬೆನ್ನು ಪೂರ್ತಿ ಬಗ್ಗಿತ್ತು. ಅವಳು ಬಾಗಿಲಲ್ಲೇ ನಿಂತಳು, ಅವನಿಗೆ ಅಷ್ಟು ಬಗ್ಗಲು ಬರುತ್ತದೆಂದು ಈಗಷ್ಟೇ ತಿಳಿದವಳ ಹಾಗೆ.

ಪ್ರತಿದಿನ ಸಂಜೆ ಅವಳು ಮೊದಲು ನೋಡುತ್ತಿದ್ದದ್ದು ಬಿಚ್ಚಿಟ್ಟ ಪಟ್ಟಿಯನ್ನು. ಕಲೆ ಹಳದಿಯಿಂದ ತಿಳಿಯಾಯಿತು, ತಿಳಿಯಿಂದ ಚುಕ್ಕೆಯಾಯಿತು. ಎಂಟನೆಯ ದಿನ ಪಟ್ಟಿ ಒಣಗಿತ್ತು.

ಹತ್ತನೆಯ ದಿನ ಡಾಕ್ಟರು ಬೆರಳನ್ನು ಒತ್ತಿ, ತಿರುಗಿಸಿ, ಎರಡನೆಯ ಎಕ್ಸ್‌ರೇಯನ್ನು ಬೆಳಕಿಗೆ ಹಿಡಿದು ನೋಡಿ, ಬೆರಳು ಉಳಿಯಿತು ಎಂದರು. ಅಷ್ಟೇ ಮಾತು. ಅತ್ತೆ ಕೈ ಮುಗಿಯಲು ಹೋಗಿ ಮರೆತು ಆ ಕೈಯಿಂದ ಸೊಸೆಯ ಮೊಣಕೈ ಹಿಡಿದುಕೊಂಡರು.

ಡ್ರೆಸ್ಸಿಂಗ್ ಕೋಣೆಯಲ್ಲಿ ಸಿಸ್ಟರ್ ಗಾಯ ನೋಡಿ, ಇನ್ನೊಂದು ಕಾಲಿನ ಉಗುರು ಬೆಳೆದಿದೆ, ಈಗಲೇ ತೆಗೆದುಬಿಡುತ್ತೇನೆ ಎಂದು ಕಟರ್ ಎತ್ತಿದಳು. ಕತ್ತರಿಯಕ್ಕ ಹಿಂದಕ್ಕೆ ಸರಿದು ಗೋಡೆಗೆ ಒರಗಿದಳು. ಹತ್ತು ದಿನದಿಂದ ಆ ಮನೆಯಲ್ಲಿ ಒಂದು ಉಗುರನ್ನೂ ಅವಳು ಮುಟ್ಟಿರಲಿಲ್ಲ. ತನ್ನದನ್ನೂ.

ಅತ್ತೆ ಸಿಸ್ಟರಿನ ತೊಡೆಯ ಮೇಲಿಂದ ಕಾಲು ತೆಗೆದರು. "ನೀವು ನೋಡ್ತಾ ಇರಿ ತಾಯಿ. ಅವಳು ತೆಗೀಲಿ."

"ಬೇಡ ಅತ್ತೆ. ನನ್ನ ಕೈ ತಾನಾಗೇ ತಿರುಗುತ್ತೆ."

"ತಿರುಗಿದ್ರೆ ಇವರು ಹೇಳ್ತಾರೆ. ಬಾ."

ಕತ್ತರಿಯಕ್ಕ ಸ್ಟೂಲಿನ ಮೇಲೆ ಕೂತು ಪಾದವನ್ನು ತೊಡೆಗೆತ್ತಿಕೊಂಡಳು. ಕಟರ್ ಉಗುರಿನ ನಡುವಿಗೆ ಬಂದಾಗ ಮಣಿಕಟ್ಟು ಒಳಕ್ಕೆ ಬಾಗಲು ತವಕಿಸಿತು. ಅವಳು ಅದನ್ನು ತಡೆದಳು. ಹನ್ನೊಂದು ವರ್ಷದ ಕೈಯನ್ನು ಒಂದು ಕೂದಲಿನಷ್ಟು ದಾರಿಯಲ್ಲಿ ತಡೆಯುವುದು ಎಷ್ಟು ಕಷ್ಟವೆಂದು ಅವಳಿಗೆ ಆಗ ತಿಳಿಯಿತು. ನೇರ ಹೋದಳು. ಉಗುರಿನ ಮೂಲೆ ಹಾಗೇ ಉಳಿಯಿತು, ಒರಟಾಗಿ, ಚೌಕವಾಗಿ. ಅವಳ ಕಣ್ಣಿಗೆ ಅದು ಅರ್ಧಕ್ಕೆ ಬಿಟ್ಟ ಕೆಲಸದ ಹಾಗೆ ಕಂಡಿತು. ಸಿಸ್ಟರ್ ಬೆರಳಿಟ್ಟು ಸವರಿ ತಲೆಯಾಡಿಸಿದಳು.

ಅತ್ತೆ ಪಟ್ಟಿ ಕಟ್ಟಿದ ಬೆರಳಿನತ್ತ ನೋಡುತ್ತಿದ್ದರು. ಇದರಲ್ಲಿ ಈ ಕೆಟ್ಟ ಉಗುರು ಹೋಗಿ ಹೊಸದು ಪೂರ್ತಿ ಬರಲು ಎಷ್ಟು ದಿನ ಬೇಕು ಎಂದು ಕೇಳಿದರು. ಒಂದು ವರ್ಷ, ಒಂದೂವರೆ ಆದರೂ ಆಯಿತು, ಬುಡದಿಂದ ತುದಿಗೆ ಅಷ್ಟು ನಿಧಾನ ನಡೆಯುತ್ತದೆ ಅದು, ಎಂದಳು ಸಿಸ್ಟರ್.

"ಒಂದೂವರೆ ವರ್ಷ," ಎಂದರು ಅತ್ತೆ, ಯಾರೋ ದೂರದ ನೆಂಟರು ನಡೆದುಕೊಂಡು ಬರುತ್ತಿರುವ ಸುದ್ದಿ ಕೇಳಿದವರಂತೆ. ಆಮೇಲೆ ಸೊಸೆಯ ತೊಡೆಯ ಮೇಲೆ ಪಾದವನ್ನು ಇನ್ನಷ್ಟು ಹಗುರಾಗಿ ಇಳಿಬಿಟ್ಟು, "ಇನ್ನೂ ನಾಲ್ಕು ಬೆರಳಿದೆ, ಕೂತಿರು," ಎಂದರು.