ಶನಿವಾರ ಕಟ್ಟಹೋದ ದುಡ್ಡು

ಬಕ್ಕೇಶಪ್ಪನವರಷ್ಟು ಪ್ರಾಮಾಣಿಕ ಸಾಲಗಾರರನ್ನು ನಾನು ಕಂಡಿಲ್ಲ. ಅಷ್ಟು ಹಟಮಾರಿಯನ್ನೂ ಕಂಡಿಲ್ಲ. ದಾವಣಗೆರೆಯ ವಕೀಲ ಮಾಲತೇಶಪ್ಪನವರ ಕಚೇರಿಯಲ್ಲಿ ಟೈಪಿಸ್ಟಾಗಿದ್ದ ನನಗೆ ಅವರ ಅರ್ಜಿ ಹೊಡೆಯುವ ಭಾಗ್ಯ ಸಿಕ್ಕಿತ್ತು.

ಹರಿಹರದಲ್ಲಿ ಅವರದೊಂದು ನಟ್ಟು ಬೋಲ್ಟಿನ ಸಣ್ಣ ಕಾರ್ಖಾನೆ. ಅದಕ್ಕೆ ಸರ್ಕಾರದ ಹಣಕಾಸು ಸಂಸ್ಥೆಯೊಂದರಿಂದ ಸಾಲ ಎತ್ತಿದ್ದರು. ಅಡವಿಟ್ಟದ್ದು ದಾವಣಗೆರೆಯ ಪಿ.ಜೆ. ಬಡಾವಣೆಯ ಮನೆ, ಅದು ಹೆಂಡತಿ ಉಮಾಮಹೇಶ್ವರಿಯವರಿಗೆ ತವರಿನಿಂದ ಬಂದದ್ದು. ಬಡ್ಡಿ ಬೆಳೆದು ಅಸಲನ್ನು ಮೀರಿತ್ತು. ತೊಂಬತ್ತೆಂಟರಲ್ಲಿ ಸಂಸ್ಥೆಯವರೇ ಮನಸ್ಸು ಮಾಡಿ, ಜುಲೈ ಮೂವತ್ತೊಂದರೊಳಗೆ ಮೂರು ಲಕ್ಷ ಒಂದೇ ಗಂಟಿನಲ್ಲಿ ಕಟ್ಟಿದರೆ ಉಳಿದದ್ದು ಮನ್ನಾ ಎಂದರು. ನಮ್ಮ ಪುಣ್ಯಾತ್ಮರು ಮೂವತ್ತನೇ ತಾರೀಖು, ಗುರುವಾರ ಸಂಜೆಗೆ ದುಡ್ಡು ಹೊಂದಿಸಿಯೂ ಬಿಟ್ಟರು.

ಮರುದಿನ ಶ್ರಾವಣ ಶುಕ್ರವಾರ. ಶುಕ್ರವಾರ ಮನೆಯ ಲಕ್ಷ್ಮಿಯನ್ನು ಹೊರಗೆ ಕಳಿಸುವುದುಂಟೇ? ಛೇ! ನೋಟಿನ ಕಟ್ಟಿಗೆ ಕುಂಕುಮ ಹಚ್ಚಿ, ಊದಿನಕಡ್ಡಿ ಬೆಳಗಿ, ತಿಜೋರಿಯಲ್ಲಿಟ್ಟು, ಹೋಳಿಗೆ ಉಂಡು ಮಲಗಿದರು. ಶನಿವಾರ ಬೆಳಿಗ್ಗೆ ಜವಾನನಿಗಿಂತ ಮೊದಲು ಆಫೀಸಿನ ಬಾಗಿಲಲ್ಲಿ ನಿಂತಿದ್ದರು.

“ನಿನ್ನೆಗೇ ಮುಗೀತಲ್ರೀ ಗಡುವು,” ಎಂದರು ಮ್ಯಾನೇಜರು. ಹದಿನೈದು ದಿನಕ್ಕೆ ಮನೆ ಹರಾಜಿನ ನೋಟಿಸು ಬಂತು.

ಗಡುವಿನ ದಿನ ಜ್ವರ ಬಂದಿತ್ತೆಂದು ಹೈಕೋರ್ಟಿನ ಅರ್ಜಿಯಲ್ಲಿ ಬರೆಯೋಣ ಎಂದರು ಮಾಲತೇಶಪ್ಪನವರು.

“ಬ್ಯಾಡ್ರೀ ವಕೀಲರೆ,” ಎಂದರು ಬಕ್ಕೇಶಪ್ಪನವರು. “ಇಲ್ಲದ ಜ್ವರ ಕರೆದ್ರೆ ಬಂದೇ ಬಿಡ್ತೈತೆ. ಶುಕ್ರವಾರ ಇತ್ತು ಅಂತ್ಲೇ ಬರೀರಿ. ಜಡ್ಜ್ ಸಾಹೇಬ್ರ ಮನ್ಯಾಗೆ ಶುಕ್ರವಾರ ಬರಂಗಿಲ್ಲೇನು?”

ವಕೀಲರು ಹಣೆ ಚಚ್ಚಿಕೊಂಡರು. ನಾನು ನಗು ತಡೆದುಕೊಂಡು ಟೈಪ್ ಮಾಡಿದೆ.

ಮನೆ ಉಮಾಮಹೇಶ್ವರಿಯವರ ಹೆಸರಿನಲ್ಲಿದ್ದುದರಿಂದ ಅವರ ಸಹಿ ಬೇಕಿತ್ತು. ಬಂದು ಕೂತರು, ಅರ್ಜಿಯಲ್ಲಿ ಏನಿದೆಯೆಂದು ನಾನು ಕನ್ನಡದಲ್ಲಿ ಬಿಡಿಸಿ ಹೇಳಿದೆ. ಎಲ್ಲ ಕೇಳಿ ಗಂಡನ ಕಡೆ ತಿರುಗಿದರು.

“ಲಕ್ಷ್ಮಿ ಹೋಗ್ತಾಳಂತ ಹೆದರಿದ್ರಿ. ಮನಿ ಹೋದ್ರೆ ನೀ ಎಲ್ಲಿಗೆ ಹೋಗ್ತಿ ಅಂತ ನನ್ನ ಒಂದ್ ಮಾತು ಕೇಳಿದ್ರೇನ್ರೀ?”

ಬಕ್ಕೇಶಪ್ಪನವರು ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡರು. ಅಯ್ಯೋ ಅನ್ನಿಸಿತು ನನಗೆ. ಅಷ್ಟು ಹೊತ್ತು ನಕ್ಕದ್ದಕ್ಕೆ ನಾಚಿಕೆಯೂ ಆಯಿತು.

“ಬರ್ಕೊಳ್ಳಪ್ಪ,” ಎಂದು ಆಕೆ ನನಗೆ ಹೇಳಿದರು. “ದುಡ್ಡು ಮನ್ಯಾಗೇ ಇತ್ತು. ಕಟ್ಟದೆ ಕುಂತೋರು ಇವ್ರು. ಮನಿ ನಂದು, ತಪ್ಪು ನಂದಲ್ಲ.”

ಅರ್ಜಿ ಗೆದ್ದದ್ದು ಅದೇ ಮಾತಿನ ಮೇಲೆ. ಗಂಡ ಒಂದು ದಿನ ತಡಮಾಡಿದ್ದಕ್ಕೆ ಹೆಂಡತಿ ಮನೆ ಕಳೆದುಕೊಳ್ಳುವುದು ನ್ಯಾಯವಲ್ಲ, ತಡವಾದ ದಿನಗಳ ಬಡ್ಡಿ ಸೇರಿಸಿ ಅದೇ ಮೂರು ಲಕ್ಷ ತೆಗೆದುಕೊಳ್ಳಿ ಎಂದು ಆದೇಶವಾಯಿತು. ಶುಕ್ರವಾರದ ಬಗ್ಗೆ ನ್ಯಾಯಾಲಯ ಚಕಾರವೆತ್ತಲಿಲ್ಲ. ಬಕ್ಕೇಶಪ್ಪನವರಿಗೆ ಅದೊಂದು ಬೇಸರ ಉಳಿಯಿತು.

ದುಡ್ಡು ಕಟ್ಟಿ, ಮನೆಪತ್ರ ಬಿಡಿಸಿಕೊಂಡು ದಂಪತಿ ನಮ್ಮ ಕಚೇರಿಗೆ ಪೇಡೆ ತಂದರು. ಪತ್ರವನ್ನು ಬಕ್ಕೇಶಪ್ಪನವರು ಎಂದಿನಂತೆ ತಮ್ಮ ಚೀಲಕ್ಕೆ ಸೇರಿಸಹೊರಟರು. ಉಮಾಮಹೇಶ್ವರಿಯವರು ಕೈ ಚಾಚಿದರು.

“ಇಲ್ಲಿ ಕೊಡ್ರಿ. ಇನ್ಮ್ಯಾಲೆ ಸಾಲಕ್ಕಂತ ನನ್ನ ಸಹಿ ಕೇಳಬ್ಯಾಡ್ರಿ.”

ಬಕ್ಕೇಶಪ್ಪನವರು ಪತ್ರ ಕೊಟ್ಟರು.