ವೈನೋ ಅಜ್ಜ ಸಾಯದ ಸಿನಿಮಾ

ಏಲಕ್ಕಿ ಜಜ್ಜಿದ ವಾಸನೆಗೆ ನಿಮಗೆ ಪಾಯಸ ನೆನಪಾಗಬಹುದು. ನನಗೆ ಆಗ ನಾವಿದ್ದ ಪರದೇಶದ ಊರು ಕೆನ್ಮೋರಿನ ನಮ್ಮ ಪಕ್ಕದ ಮನೆ ನೆನಪಾಗಿ ಮೈ ಜುಮ್ಮೆನ್ನುತ್ತದೆ. ಆ ಮನೆ ಈಗಿಲ್ಲ, ನಮ್ಮದನ್ನು ಮಾರಿಯಾಯಿತು, ಅಜ್ಜಿಯೂ ಇಲ್ಲ. 2014-15ರ ಮಾತು. ಅಲ್ಲಿ ವೈನೋ ಅಜ್ಜ ಒಬ್ಬರೇ ಇದ್ದು, ಏಲಕ್ಕಿ ಹಾಕಿದ ಸಿಹಿ ಬ್ರೆಡ್ ಮಾಡುತ್ತಿದ್ದರು. ಫಿನ್‌ಲೆಂಡಿನವರು. ಮಗಳ ಮನೆಗೆಂದು ಕೆನ್ಮೋರಿಗೆ ಬರುವ ಮೊದಲು ತಮ್ಮ ದೇಶದ ಸಿನಿಮಾಗಳಲ್ಲಿ ಪೋಷಕ ನಟರಾಗಿದ್ದರು. ಹೀರೋ ಆದವರಲ್ಲ. ದೋಣಿಯವನು, ಪೊಲೀಸು, ಪಾದ್ರಿ, ಊರಿನ ಕುಡುಕ, ಹೀಗೆ ಪಾತ್ರ ಯಾವುದಾದರೂ ಸಾವು ಮಾತ್ರ ಕಟ್ಟಿಟ್ಟ ಬುತ್ತಿ. ನಮ್ಮ ಸಿನಿಮಾದ ಲೆಕ್ಕದಲ್ಲಿ ಇಂಟರ್‌ವಲ್ಲಿಗೆ ಮೊದಲೇ ಅವರ ಕಥೆ ಮುಗಿದಿರುತ್ತಿತ್ತು.

ನಾನು ಶಾಲೆಯಿಂದ ಬಂದ ಮೇಲೆ, ಉಡುಪಿಯಿಂದ ಬಂದು ನಮ್ಮ ಜೊತೆಗಿದ್ದ ಅಜ್ಜಿ ನನ್ನನ್ನು ಕರೆದುಕೊಂಡು ಅವರ ಡಿವಿಡಿಗಳನ್ನು ನೋಡಲು ಹೋಗುತ್ತಿದ್ದರು. ಭಾಷೆ ನಮ್ಮಿಬ್ಬರಿಗೂ ತಿಳಿಯದು. ಪರದೆಯ ಮೇಲೆ ಹರೆಯದ ವೈನೋ ಮಂಜುಗಡ್ಡೆ ಒಡೆದು ಸರೋವರದೊಳಗೆ ಇಳಿದುಹೋಗುವಾಗ, ಪಕ್ಕದ ಕುರ್ಚಿಯಲ್ಲಿ ಮುದುಕ ವೈನೋ ಬ್ರೆಡ್ಡನ್ನು ಕಾಫಿಯಲ್ಲಿ ಅದ್ದಿ ತಿನ್ನುತ್ತಿದ್ದರು. ಹೆಣದ ಕಣ್ಣು ತೆರೆದೇ ಇರಬೇಕೆಂದು ನಿರ್ದೇಶಕರು ಹೇಳುತ್ತಿದ್ದರಂತೆ. ಒಮ್ಮೆ ಅದನ್ನು ಮಾಡಿ ತೋರಿಸಿದರು. ರೆಪ್ಪೆ ಅಲುಗಲಿಲ್ಲ, ಎದೆ ಏರಲಿಲ್ಲ, ಕಣ್ಣಿನಲ್ಲಿ ಕಿಟಕಿಯ ಬೆಳಕಷ್ಟೇ ಇತ್ತು. "ಸಾಕು ಮಾರಾಯ್ರೆ, ಏಳಿ!" ಎಂದು ಅಜ್ಜಿ ಕೂಗಿದ ಮೇಲೂ ಅವರು ತುಸು ಹೊತ್ತು ಹಾಗೆಯೇ ಇದ್ದರು.

ಹೆದರಿಕೆ ಮುಚ್ಚಿಕೊಳ್ಳಲೆಂದೇ ಇರಬೇಕು, ಅಜ್ಜಿ ನಮ್ಮ ಕಡೆಯ ನಂಬಿಕೆಯ ಮಾತೊಂದನ್ನು ಆಡಿದರು. "ಅವ್ರಿಗೆ ಹೇಳು ಪುಟ್ಟಿ, ಸುಳ್ಳೇ ಸತ್ರೆ ಆಯುಸ್ಸು ಗಟ್ಟಿ ಆಗ್ತದೆ ಅಂತ." ನಾನು ಇಂಗ್ಲಿಷಿನಲ್ಲಿ ಹೇಳಿದೆ. ಅಜ್ಜ ನಗಲಿಲ್ಲ. ಅವರ ಜೊತೆ ನಟಿಸಿದವರು, ಹೆಂಡತಿ, ಮಗಳು ಎಲ್ಲರೂ ಆಗಲೇ ತೀರಿಹೋಗಿದ್ದರು. "ಅದಕ್ಕೇ ನನಗೆ ಸಾವು ಬರುತ್ತಿಲ್ಲ," ಎಂದರು ಮೆಲ್ಲಗೆ. "ಇದನ್ನು ಬಿಡಿಸುವುದು ಹೇಗೆಂದು ನಿನ್ನ ಅಜ್ಜಿಯನ್ನು ಕೇಳು." ಅಜ್ಜಿಗೆ ಅಂದು ಊಟ ಸೇರಲಿಲ್ಲ. ಒಳ್ಳೆಯದಕ್ಕೆಂದು ಆಡಿದ ಮಾತು ಶಾಪವಾಗಿ ಕೂತಿತ್ತು. "ನಾ ಎಂತಕ್ಕೆ ಬಾಯಿ ಬಿಟ್ಟೆನೋ," ಎಂದು ಪಾತ್ರೆ ತೊಳೆಯುವಾಗಲೂ ಗೊಣಗುತ್ತಿದ್ದರು.

ಕೆಲವು ದಿನಗಳಾದ ಮೇಲೆ ವೈನೋ ಅಜ್ಜನನ್ನು ಗೆಲುವಾಗಿಸಲು ಅಜ್ಜಿಯೇ ಒಂದು ದಾರಿ ಹುಡುಕಿದರು. ನೀವು ಸಾಯದ ಸಿನಿಮಾ ಒಂದಾದರೂ ಇಲ್ಲವೇ ಎಂದು ನನ್ನಿಂದ ಕೇಳಿಸಿದರು. ಒಂದಿತ್ತು, ಕೊನೆಯದು. ಅದನ್ನು ಅವರೇ ನೋಡಿರಲಿಲ್ಲ. ಅಂದು ಮಧ್ಯಾಹ್ನ ಮೂವರೂ ಕೂತು ನೋಡಿದೆವು. ಬಂದರಿನಲ್ಲಿ ಅವರು ನಟಿಸಿದ ಮುದುಕ ಹಡಗು ಹತ್ತುತ್ತಾನೆ, ಹತ್ತುವ ಮೊದಲು ಒಮ್ಮೆ ತಿರುಗುತ್ತಾನೆ. ನೇರವಾಗಿ ನಮ್ಮ ಪಕ್ಕದ ಕುರ್ಚಿಯತ್ತಲೇ ನೋಡಿ, ಬಾ ಎನ್ನುವಂತೆ ತಲೆಯಾಡಿಸುತ್ತಾನೆ. ಆಮೇಲೆ ಅವನಿಲ್ಲ. "ಬದುಕಿಯೇ ಹೋದ್ರಲ್ಲ!" ಎಂದು ಅಜ್ಜಿ ಚಪ್ಪಾಳೆ ತಟ್ಟಿದರು. ಕುರ್ಚಿಯಲ್ಲಿದ್ದ ವೈನೋ ಅಜ್ಜ ಪರದೆಗೆ ತಿರುಗಿ ತಲೆಯಾಡಿಸುತ್ತಿದ್ದರು. ನಮ್ಮನ್ನು ಬಾಗಿಲವರೆಗೆ ಬಂದು ಕಳಿಸಿಕೊಟ್ಟರು. ಮರುದಿನ ಬೆಳಿಗ್ಗೆ ಆ ಮನೆಯ ಮುಂದೆ ಆಂಬುಲೆನ್ಸ್ ನಿಂತಿತ್ತು.

ಸಿನಿಮಾಕ್ಕೂ ಸಾವಿಗೂ ನಂಟಿತ್ತೋ ಇಲ್ಲವೋ, ನನಗೆ ಈಗಲೂ ತಿಳಿಯದು. ಅಜ್ಜಿ ಸುದ್ದಿ ಕೇಳಿದವರೇ ಬಚ್ಚಲಿಗೆ ಹೋಗಿ, ಆ ಚಳಿಯಲ್ಲಿ ತಣ್ಣೀರನ್ನೇ ತಲೆಗೆ ಸುರಿದುಕೊಂಡು ಬಂದರು. ಅಮ್ಮನಿಗೆ ಗಾಬರಿ. "ಅವರು ನಮಗೇನಾಗ್ಬೇಕು ಅತ್ತೆ? ಸ್ನಾನ ಯಾಕೆ?"

ಅಜ್ಜಿ ಸೆರಗು ಹಿಂಡುತ್ತಾ ಹೇಳಿದರು: "ಅವ್ರಿಗೋಸ್ಕರ ಸ್ನಾನ ಮಾಡ್ಲಿಕ್ಕೆ ಬೇರೆ ಯಾರಿದ್ದಾರೆ?"