ಬಾಣಂತಿಗೆಂದು ಕಾಯಿಸಿದ ಸೂಪು

ನನ್ನ ತಂಗಿಗೆ ಎರಡನೆಯ ಹೆರಿಗೆ ಆಪರೇಷನ್ ಆಯಿತು. ಅಮ್ಮ ತೀರಿಹೋದ ಮೇಲೆ ಅವಳಿಗೆ ತವರು ಅಂದರೆ ನಾನೇ. ನ್ಯಾಮತಿಯಲ್ಲಿ ನನ್ನದೊಂದು ಸಣ್ಣ ಮನೆ, ಮುಂದಿನ ಕೋಣೆಯಲ್ಲಿ ಹೊಲಿಗೆ ಮಷಿನ್ನು. ಬಾಣಂತನಕ್ಕೆ ಕರೆದುಕೊಂಡು ಬರುತ್ತೇನೆ ಅಂದೆ. ತ್ಯಾವಣಿಗೆಯ ಅವಳ ಅತ್ತೆ ಒಪ್ಪಲಿಲ್ಲ. "ಹಸಿ ಬಾಣಂತಿ ಐದಾಳೆ, ಕುಲುಕಾಡಬಾರ್ದು. ನಾವೇನು ನೋಡ್ಕಣಲ್ವಾ?" ಅಂದರು.

ಅವರು ನೋಡಿಕೊಂಡಿದ್ದು ಫೋನಿನಲ್ಲೇ ಗೊತ್ತಾಗುತ್ತಿತ್ತು. ತಂಗಿಯ ದನಿ ಬರಬರುತ್ತಾ ಸೊರಗಿತು. ಎದ್ದರೆ ಕಣ್ಣು ಕತ್ತಲೆ ಬರುತ್ತದೆ, ಮಗುವಿಗೆ ಹಾಲು ಸಾಲುತ್ತಿಲ್ಲ ಅಂದಳು.

ಸಂತೆಯಲ್ಲಿ ಒಂದು ಬಲಿತ ನಾಟಿ ಹ್ಯಾಟೆ ಕೋಳಿ ತಂದೆ. ಪುಕ್ಕ ಕಿತ್ತು, ಬೆಂಕಿಯಲ್ಲಿ ಸುಟ್ಟು, ಅರಿಶಿನ ಹಚ್ಚಿ ತೊಳೆದೆ. ಎಲುಬುಗಳನ್ನು ಕಲ್ಲಿನಿಂದ ಜಜ್ಜಿದೆ. ಕಾಲುಗಳ ಉಗುರು ಕತ್ತರಿಸಿ, ಮೇಲಿನ ಸಿಪ್ಪೆ ಸುಲಿದು ಅವನ್ನೂ ಹಾಕಿದೆ. ಸೂಪಿಗೆ ಅಂಟು ಬರುವುದೇ ಕಾಲಿನಿಂದ. ಸಣ್ಣೀರುಳ್ಳಿ, ಬೆಳ್ಳುಳ್ಳಿ, ಜೀರಿಗೆ, ಮೆಣಸು, ಉಪ್ಪು ಬಿಟ್ಟರೆ ಬೇರೇನಿಲ್ಲ. ಸಣ್ಣ ಉರಿಯಲ್ಲಿಟ್ಟು, ನೊರೆ ತೆಗೆಯುತ್ತಾ, ನೀರು ಅರ್ಧಕ್ಕಿಂತ ಕೆಳಗೆ ಇಳಿಯುವ ತನಕ ಕಾಯಿಸಿದೆ. ಆವತ್ತು ಮಷಿನ್ನಿನ ಮುಂದೆ ಕೂರಲೇ ಇಲ್ಲ. ಚಳಿಗಾಲ ಬೇರೆ, ಬೆಳಿಗ್ಗೆ ಮುಚ್ಚಳ ತೆಗೆದರೆ ಸೂಪು ಗಟ್ಟಿ ಮೊಸರಿನಂತೆ ನಿಂತಿತ್ತು. ಇನ್ನೊಮ್ಮೆ ಕುದಿಸಿ, ಸ್ಟೀಲ್ ಡಬ್ಬಿಗೆ ತುಂಬಿ, ಹೊನ್ನಾಳಿಯಲ್ಲಿ ಬಸ್ಸು ಬದಲಿಸಿ ಹೋದೆ. ದಾರಿಯುದ್ದಕ್ಕೂ ಡಬ್ಬಿ ತೊಡೆಯ ಮೇಲೆಯೇ ಇತ್ತು.

ಅತ್ತೆ ಬಾಗಿಲಲ್ಲೇ ಅದನ್ನು ಇಸಿದುಕೊಂಡರು. "ಬಿಸಿ ಮಾಡಿ ಕೊಡ್ತೀನಿ, ನೀನು ಮಗು ನೋಡು ಹೋಗವ್ವಾ."

ನಾನು ಕೋಣೆಗೆ ಹೋಗಿ ಮಗುವನ್ನು ಎತ್ತಿಕೊಂಡೆ. ಸ್ವಲ್ಪ ಹೊತ್ತಿಗೆ ಮೆಣಸಿನ ಘಮ ಬಂತು. ಅದರ ಹಿಂದೆಯೇ ತಂಗಿಗೆ ಒಂದು ಲೋಟವೂ ಬಂತು. ಬಗ್ಗಿ ನೋಡಿದೆ. ಲೋಟದ ತಳ ಕಾಣುತ್ತಿತ್ತು. ಡಬ್ಬಿ ತೊಳೆದ ನೀರು ಅಂದರೂ ನಡೆಯುತ್ತಿತ್ತು.

"ಇದೇನೇ?" ಅಂದೆ.

"ಸುಮ್ನಿರಕ್ಕ," ತಂಗಿ ತಲೆ ಎತ್ತಲಿಲ್ಲ. "ಹೋದ್ಸಲ ನೀನು ನಮ್ಮನೆಯವರ ಕೈಲಿ ಸೂಪು ಕಳಿಸಿದ್ಯಲ್ಲ, ಅದೂ ಹಿಂಗೇ ಆತು."

ಮಗುವನ್ನು ಮಲಗಿಸಿ ಹಜಾರಕ್ಕೆ ಬಂದೆ. ಅವಳ ಗಂಡ ಮತ್ತು ಊರಿಂದ ಬಂದಿದ್ದ ಅವನ ಅಕ್ಕನ ಗಂಡ ಚಾಪೆಯ ಮೇಲೆ ಕೂತು ದೊಡ್ಡ ಲೋಟಗಳಲ್ಲಿ ಸೂಪು ಹೀರುತ್ತಿದ್ದರು. ತಟ್ಟೆಯಲ್ಲಿ ಚೀಪಿದ ಕಾಲಿನ ಎಲುಬು ಬಿದ್ದಿತ್ತು.

"ನಿಮ್ಮ ಹೊಟ್ಟೆಗೂ ಹೊಲಿಗೆ ಹಾಕಿದಾರೇನ್ರಿ?" ಅಂದೆ.

ತಂಗಿಯ ಗಂಡ ನಕ್ಕ. "ಒಂದು ಲೋಟ ಕುಡುದ್ರೆ ಏನಾತು ಅಕ್ಕಾರೆ? ಮನೆಗೆ ಬಂದ ಅಳಿಯನಿಗೆ ಕೊಡಬಾರ್ದಾ?"

ಅತ್ತೆ ಒಲೆಯ ಮುಂದಿಂದಲೇ, "ಬಾಣಂತಿಗೆ ಅಷ್ಟು ಜಿಡ್ಡು ಆಗಲ್ಲ. ನಾವೂ ಹೆತ್ತಿದೀವಿ, ನಮಗ್ಯಾರು ಕೋಳಿ ಕಾಯಿಸಿ ಕುಡಿಸಿದ್ರು?" ಅಂದರು.

"ಕುಡಿಸಲಿಲ್ಲ ಅಂತ ನಿಮಗೆ ಸಿಟ್ಟು ಬರಬೇಕಿತ್ತು. ಅದನ್ನ ಇವಳ ಮೇಲೆ ತೀರಿಸ್ಕೋತೀರಾ?"

ಬಸ್ಸು ಹತ್ತಿ ವಾಪಸ್ಸು ಹೋಗುತ್ತೇನೆಂದು ಅವರು ಎಣಿಸಿದ್ದರೇನೋ. ನಾನು ಎದುರು ಮನೆಗೆ ಹೋಗಿ, ಆ ಮನೆಯ ಬೂಬಮ್ಮನ ಹತ್ತಿರ ಇನ್ನೊಂದು ಹ್ಯಾಟೆ ಕೊಂಡೆ. ಅವರು ತಮ್ಮದೇ ಪಾತ್ರೆ, ಒಂದು ಹೊರೆ ಪುಳ್ಳೆ ಸೌದೆ ಕೊಟ್ಟು, "ಇದ್ರಲ್ಲಿ ಕಾಸಮ್ಮ, ತಳ ಹಿಡಿಯಲ್ಲ," ಅಂದರು.

ತಂಗಿಯ ಮನೆಯ ಹಿತ್ತಲಲ್ಲೇ ಮೂರು ಕಲ್ಲು ಹೂಡಿ ಬೆಂಕಿ ಹಾಕಿದೆ. ಎಲುಬು ಜಜ್ಜುವ ಸದ್ದು ಮನೆಯೊಳಗೆಲ್ಲ ಕೇಳಲಿ ಅಂತಲೇ ಜಜ್ಜಿದೆ. ಮಧ್ಯಾಹ್ನವಿಡೀ ಪಾತ್ರೆಯ ಮುಂದಿಂದ ಏಳಲಿಲ್ಲ. ಹೊಗೆಗೆ ಕಣ್ಣು ಉರಿಯುತ್ತಿತ್ತು. ಸೂಪಿಗೆ ಸಣ್ಣ ಉರಿ ಬೇಕು, ನನಗೋ ಒಳಗೆಲ್ಲ ಧಗಧಗ. ಅತ್ತೆ ಎರಡು ಸಲ ಬಾಗಿಲಿಗೆ ಬಂದು ನೋಡಿ ಒಳಗೆ ಹೋದರು.

ಸೂಪನ್ನು ನಾನೇ ಒಯ್ದು ಮಂಚದ ಮೇಲೆ ಕೂತು ತಂಗಿಗೆ ಕುಡಿಸಿದೆ. ಎರಡನೆಯ ಲೋಟಕ್ಕೆ ಅವಳ ಹಣೆಯಲ್ಲಿ ಬೆವರು ಮೂಡಿತು. ಕಾಲಿನ ಎಲುಬು ಚೀಪುತ್ತಾ, "ನೀನು ಹೋದ್ಮೇಲೆ ನಾನು ಇಲ್ಲೇ ಇರಬೇಕಲ್ಲಕ್ಕ," ಅಂದಳು.

ಆ ಮಾತಿಗೆ ನನ್ನ ಸಿಟ್ಟು ಇನ್ನೂ ಏರಿತು. ಹೊಲಿಗೆ ಒಣಗಿದೆ ಎಂದು ಚನ್ನಗಿರಿಯ ಡಾಕ್ಟರು ಹೇಳಿದ ದಿನವೇ ಕಾರು ಮಾಡಿಕೊಂಡು ಮತ್ತೆ ತ್ಯಾವಣಿಗೆಗೆ ಹೋದೆ. ಯಾರನ್ನೂ ಕೇಳದೆ ತಾಯಿ ಮಕ್ಕಳನ್ನು ನ್ಯಾಮತಿಗೆ ಕರೆತಂದೆ. ಮಗು ಬೋರಲು ಬೀಳುವವರೆಗೂ ಅವಳು ನನ್ನ ಹತ್ತಿರವೇ ಇದ್ದಳು. ಕೆನ್ನೆ ತುಂಬಿಕೊಂಡಿತು, ಹಾಲು ಬಂತು.

ಅವಳ ಗಂಡ ಈಗಲೂ ನೆಂಟರ ಮುಂದೆ, "ಒಂದು ಲೋಟ ಸೂಪಿಗೆ ರಂಪ ಮಾಡಿದ್ಲು," ಎನ್ನುತ್ತಾನಂತೆ. ಎನ್ನಲಿ. ಅವನು ಬಂದಾಗ ನಾನು ಕಾಫಿ ಕೊಡುತ್ತೇನೆ. ಕೋಳಿ ಮಾತ್ರ ಮಾಡುವುದಿಲ್ಲ.